ಚಪ್ಪೆ ಮೂಳೆಗೆ ಪೆಟ್ಟು: ಬರೀ ಮೂಗೇಟಾ, ಒಳಗೆ ಮುರಿದಿದೆಯಾ? ಗೊತ್ತು ಮಾಡಿಕೊಳ್ಳುವುದು ಹೇಗೆ?

ಎಡಗಾಲು_ಸ್ಟ್ರೈಕರ್
ನಮಸ್ಕಾರ. ಮೊನ್ನೆ ಫುಟ್‌ಬಾಲ್ ಆಡುವಾಗ ಎದುರಾಳಿಗೆ ಡಿಕ್ಕಿ ಹೊಡೆದು ಬಲಮಗ್ಗುಲಿಗೆ ದೊಪ್ಪನೆ ಬಿದ್ದೆ. ನೆಲ ಗಟ್ಟಿ ಇತ್ತು. ಬೆಲ್ಟ್ ಕೂರುವ ಜಾಗದಲ್ಲಿ ಪಕ್ಕಕ್ಕೆ ಮೂಳೆಯ ಅಂಚು ಕೈಗೆ ಸಿಗುತ್ತದಲ್ಲ, ಪೆಟ್ಟು ಬಿದ್ದಿದ್ದು ಸರಿಯಾಗಿ ಅದರ ಮೇಲೆ. ಒಂದು ಕ್ಷಣ ಉಸಿರೇ ನಿಂತ ಹಾಗಾಯಿತು. ಆಮೇಲೆ ಎದ್ದು ಕುಂಟುತ್ತಾ ಹೊರಗೆ ಬಂದೆ. ರಾತ್ರಿ ಊದಿಕೊಂಡಿತು. ಬೆಳಿಗ್ಗೆ ನೋಡಿದರೆ ಅಂಗೈ ಅಗಲ ಕಪ್ಪುನೀಲಿ.

ಈಗ ಕೆಮ್ಮಿದರೆ, ಸೀನಿದರೆ, ಜೋರಾಗಿ ನಕ್ಕರೂ ಅಲ್ಲಿ ಚುಚ್ಚುತ್ತದೆ. ಹಾಸಿಗೆಯಿಂದ ಏಳಲು ಕೈ ಊರಲೇಬೇಕು. ಪ್ಯಾಂಟಿನ ಪಟ್ಟಿ ತಾಗಿದರೂ ತಡೆಯಲು ಆಗುವುದಿಲ್ಲ. ಟೀಮಿನಲ್ಲಿ ಒಬ್ಬರು ಶಾಖ ಕೊಟ್ಟು ಚೆನ್ನಾಗಿ ತಿಕ್ಕು ಅನ್ನುತ್ತಾರೆ. ಇನ್ನೊಬ್ಬರು ಐಸ್ ಇಡು ಅನ್ನುತ್ತಾರೆ. ಮತ್ತೊಬ್ಬರು, ಮೂಳೆ ಮುರಿದಿದ್ದರೂ ಕೆಲವರು ನಡೆಯುತ್ತಾರೆ, ಸುಮ್ನೆ ಕೂರಬೇಡ ಅಂತ ಹೆದರಿಸಿದ್ದಾರೆ. ಯಾರ ಮಾತು ಕೇಳಲಿ? ಮತ್ತೆ ಆಡಲು ಎಷ್ಟು ದಿನ ಬೇಕು? ಇದನ್ನು ಅನುಭವಿಸಿದವರು ದಯವಿಟ್ಟು ಹೇಳಿ.

ನೀಲಿಕೊಡೆ
ಆ ಕಾಲಿನ ಮೇಲೆ ಪೂರ್ತಿ ಭಾರ ಹಾಕಿ ನಿಲ್ಲಲು ಆಗುತ್ತದಾ? ಅದನ್ನು ಮೊದಲು ಹೇಳಿ, ಉಳಿದಿದ್ದು ಆಮೇಲೆ.

ಎಡಗಾಲು_ಸ್ಟ್ರೈಕರ್
ಆಗುತ್ತದೆ. ನೋವಿದೆ, ಆದರೆ ನಿಲ್ಲಬಹುದು. ಹತ್ತು ಹೆಜ್ಜೆ ಹಾಕಿದರೆ ಕುಂಟು ಜಾಸ್ತಿಯಾಗುತ್ತದೆ.

ಗೋಲ್‌ಬಾಯಿ
ಇದು ನಮ್ಮಂಥ ಗೋಲ್‌ಕೀಪರ್‌ಗಳಿಗೆ ಹಳೇ ನೆಂಟ. ಕ್ರೀಡಾ ವೈದ್ಯರು ಇದನ್ನು 'ಹಿಪ್ ಪಾಯಿಂಟರ್' ಅನ್ನುತ್ತಾರೆ. ಚಪ್ಪೆ ಮೂಳೆಯ ಮೇಲಂಚಿನಲ್ಲಿ ಚರ್ಮದ ಕೆಳಗೆ ಮಾಂಸ, ಕೊಬ್ಬು ಕಡಿಮೆ. ಹಾಗಾಗಿ ಬಿದ್ದ ಪೆಟ್ಟೆಲ್ಲ ನೇರ ಮೂಳೆಯ ಹೊದಿಕೆಗೇ ಹೋಗುತ್ತದೆ. ಆ ಹೊದಿಕೆಯಲ್ಲಿ ನರಗಳು ತುಂಬಾ ಇವೆ. ಅದಕ್ಕೇ ಪೆಟ್ಟಿನ ಗಾತ್ರಕ್ಕೆ ಹೋಲಿಸಿದರೆ ನೋವು ವಿಪರೀತ.

ಕೆಮ್ಮಿದರೆ ಯಾಕೆ ನೋವು ಅಂತ ನಾನೂ ತಲೆ ಕೆಡಿಸಿಕೊಂಡಿದ್ದೆ. ಹೊಟ್ಟೆಯ ಪಕ್ಕದ ಸ್ನಾಯುಗಳು ಬಂದು ಅಂಟಿಕೊಂಡಿರುವುದು ಇದೇ ಅಂಚಿಗೆ, ಟೆಂಟಿನ ಹಗ್ಗಗಳನ್ನು ಗೂಟಕ್ಕೆ ಬಿಗಿದ ಹಾಗೆ. ಕೆಳಗಿನಿಂದ ತೊಡೆಯ ಹೊರಮಗ್ಗುಲಿನ ಸ್ನಾಯು, ಹಿಂದಿನಿಂದ ಬೆನ್ನಿನ ಸ್ನಾಯು ಕೂಡ ಇಲ್ಲಿಗೇ. ಕೆಮ್ಮು, ಸೀನು, ನಗು, ಮಗ್ಗುಲು ಬದಲಿಸುವುದು, ಎಲ್ಲವೂ ಪೆಟ್ಟಾದ ಜಾಗವನ್ನೇ ಎಳೆಯುತ್ತದೆ. ನೀವು ಹೇಳಿದ ಲಕ್ಷಣ ಅದಕ್ಕೆ ಸರಿಯಾಗಿ ಹೊಂದುತ್ತದೆ.

ಮುಂಗೋಪಿ
ಐಸ್ ಗೀಸ್ ಎಲ್ಲ ಬಿಡಿ. ಪೆಟ್ಟು ಬಿದ್ದರೆ ರಕ್ತ ಹೆಪ್ಪುಗಟ್ಟುತ್ತದೆ, ಅದನ್ನು ಬಿಸಿ ಕೊಟ್ಟು ತಿಕ್ಕಿ ಕರಗಿಸಬೇಕು. ಇಲ್ಲದಿದ್ದರೆ ಅಲ್ಲೇ ಗಂಟಾಗಿ ಉಳಿಯುತ್ತದೆ.

ಫಿಸಿಯೋ_ಅಕ್ಕ
ಮುಂಗೋಪಿಯವರೇ, ದಯವಿಟ್ಟು ಈಗಲೇ ಆ ಸಲಹೆ ಬೇಡ. ನಾನು ಫಿಸಿಯೋಥೆರಪಿಸ್ಟ್, ಇಂಥವರನ್ನು ಆಗಾಗ ನೋಡುತ್ತೇನೆ. ಮೊದಲ ಎರಡು ಮೂರು ದಿನ ಒಳಗೆ ಹರಿದ ಸಣ್ಣ ರಕ್ತನಾಳಗಳು ಇನ್ನೂ ಮುಚ್ಚಿಕೊಳ್ಳುತ್ತಿರುತ್ತವೆ. ಆಗ ಬಿಸಿ ಕೊಟ್ಟರೆ ರಕ್ತನಾಳ ಹಿಗ್ಗುತ್ತದೆ. ತಿಕ್ಕಿದರೆ ಮುಚ್ಚಿದ ಬಾಯಿ ಮತ್ತೆ ತೆರೆಯುತ್ತದೆ. ಊತ ಇಳಿಯುವ ಬದಲು ಏರುತ್ತದೆ. ತೊಡೆಯಂಥ ದಪ್ಪ ಸ್ನಾಯುವಿನ ಆಳದಲ್ಲಿ ರಕ್ತ ನಿಂತಾಗ ಬಲವಾಗಿ ತಿಕ್ಕಿದರೆ ಇನ್ನೂ ಒಂದು ಅಪಾಯ ಇದೆ: ಸ್ನಾಯುವಿನೊಳಗೇ ಮೂಳೆಯಂಥ ಗಡ್ಡೆ ಬೆಳೆಯಬಹುದು. ನೀವು ಹೆದರುವ ಗಂಟು ತಿಕ್ಕುವುದರಿಂದಲೇ ಬರುವ ಸಾಧ್ಯತೆ ಜಾಸ್ತಿ.

ಮೊದಲ 48 ಗಂಟೆ ಐಸ್. ಬಟ್ಟೆಯಲ್ಲಿ ಸುತ್ತಿ ಒಂದು ಸಲಕ್ಕೆ 15ರಿಂದ 20 ನಿಮಿಷ. ಮಧ್ಯೆ ಎರಡು ಗಂಟೆಯಾದರೂ ಬಿಡಿ. ಬರೀ ಮೈಗೆ ಇಡಬೇಡಿ, ಚರ್ಮ ಸುಡುತ್ತದೆ. ಐಸ್ ಇಟ್ಟುಕೊಂಡೇ ನಿದ್ದೆ ಹೋಗಬೇಡಿ.

ಮುಂಗೋಪಿ
ಹಾಗಾದರೆ ಬಿಸಿ ಕೊಟ್ಟು ವಾಸಿಯಾದ ಇಷ್ಟೊಂದು ಜನ ಸುಳ್ಳು ಹೇಳುತ್ತಾರಾ?

ಫಿಸಿಯೋ_ಅಕ್ಕ
ಯಾರೂ ಸುಳ್ಳು ಹೇಳುತ್ತಿಲ್ಲ. ಬಿಸಿಗೂ ಒಂದು ಹೊತ್ತಿದೆ. ಮೂರು ದಿನ ಕಳೆದು, ಊತ ಇಳಿಯಲು ಶುರುವಾಗಿ, ಮುಟ್ಟಿದರೆ ಆ ಜಾಗ ಕಾವೇರಿಲ್ಲ ಅಂದಮೇಲೆ ಬೆಚ್ಚಗಿನ ಶಾಖ ಬಿಗಿದ ಸ್ನಾಯುಗಳಿಗೆ ಹಿತ. ಆಗಲೂ ಪೆಟ್ಟಾದ ಮೂಳೆಯ ಮೇಲೆ ಒತ್ತಿ ತಿಕ್ಕುವುದು ಬೇಡ. ಸುತ್ತಲಿನ ಸ್ನಾಯುವನ್ನು ಹಗುರವಾಗಿ ನೀವಿದರೆ ಸಾಕು.

ಮುಂಗೋಪಿ
ಮೂರು ದಿನ ಆದಮೇಲೆ ಬಿಸಿ ಅಂದರೆ ನನಗೂ ಒಪ್ಪಿಗೆ. ಆದರೆ ಐಸ್ ಇಟ್ಟರೆ ಮಾತ್ರ ವಾಸಿ ಅನ್ನುವುದನ್ನು ಒಪ್ಪುವುದಿಲ್ಲ.

ಓದುಗುಳಿ
ಇದರಲ್ಲಿ ಮುಂಗೋಪಿಯವರ ಮಾತಿಗೂ ಸ್ವಲ್ಪ ಆಧಾರ ಇದೆ. ವಿಶ್ರಾಂತಿ, ಐಸ್, ಬಿಗಿಪಟ್ಟಿ, ಎತ್ತರಕ್ಕೆ ಇಡುವುದು ಅಂತ ನಾಲ್ಕರ ಇಂಗ್ಲಿಷ್ ಹೆಸರುಗಳ ಮೊದಲಕ್ಷರ ಸೇರಿಸಿ 'ರೈಸ್' ಅಂತ ಹೆಸರಿಟ್ಟವರು ಅಮೆರಿಕದ ವೈದ್ಯ ಗೇಬ್ ಮಿರ್ಕಿನ್, 1978ರಲ್ಲಿ. ಐಸ್ ಮತ್ತು ಪೂರ್ತಿ ವಿಶ್ರಾಂತಿ ಎರಡೂ ವಾಸಿಯಾಗುವುದನ್ನು ನಿಧಾನ ಮಾಡಬಹುದು ಅಂತ ಆಮೇಲೆ ಅವರೇ ಬರೆದರು. 2019ರಲ್ಲಿ ಬಂದ 'ಪೀಸ್ ಅಂಡ್ ಲವ್' ಎಂಬ ಹೊಸ ಕ್ರಮದಲ್ಲಿ ಐಸ್ ಇಲ್ಲವೇ ಇಲ್ಲ. ಊತ ಅನ್ನುವುದು ದೇಹದ ರಿಪೇರಿ ಕೆಲಸದ ಭಾಗ, ಅದನ್ನು ಪೂರ್ತಿ ಅದುಮಬಾರದು ಅನ್ನುವುದು ಈ ಹೊಸ ಕ್ರಮ ತಂದವರ ವಾದ.

ಫಿಸಿಯೋ_ಅಕ್ಕ
ಸರಿಯಾಗಿ ಹೇಳಿದಿರಿ. ಐಸ್‌ನಿಂದ ಬೇಗ ವಾಸಿಯಾಗುತ್ತದೆ ಅಂತ ನಾನೂ ಹೇಳುವುದಿಲ್ಲ. ನೋವು ಕಡಿಮೆಯಾಗುತ್ತದೆ, ಅಷ್ಟು ಸಾಕು. ನೋವು ಕಡಿಮೆಯಾದರೆ ಸರಿಯಾಗಿ ಹೆಜ್ಜೆ ಹಾಕುತ್ತೀರಿ, ರಾತ್ರಿ ನಿದ್ದೆ ಬರುತ್ತದೆ. ಮೊದಲ ದಿನಗಳಲ್ಲಿ ಬಿಸಿ, ತಿಕ್ಕುವುದು, ಓಡುವುದು, ಮದ್ಯ ಈ ನಾಲ್ಕು ಬೇಡ ಅನ್ನುವುದರಲ್ಲಿ ಮಾತ್ರ ಎಲ್ಲರೂ ಒಂದೇ.

ಕೈಮರ
ಮದ್ಯ ಯಾಕೆ? ನೋವು ಮರೆಯುತ್ತದೆ ಅಲ್ವಾ?

ನೀಲಿಕೊಡೆ
ಅದೇ ತೊಂದರೆ. ನೋವು ಮರೆತು ಓಡಾಡಿಬಿಡುತ್ತೀರಿ. ಜೊತೆಗೆ ಒಳಗಿನ ರಕ್ತಸ್ರಾವ, ಊತ ಹೆಚ್ಚಬಹುದು. ನೋವಿನ ಮಾತ್ರೆಯ ಮೇಲೆ ಕುಡಿದರೆ ಹೊಟ್ಟೆಗೂ ಯಕೃತ್ತಿಗೂ ಏಟು.

ಅಮ್ಮನ_ಮಗಳು
ನಾನು ಬೇರೆ ಪ್ರಶ್ನೆ ಇಟ್ಟುಕೊಂಡು ಬಂದೆ, ಇಲ್ಲೇ ಕೇಳಲಾ? ಅಮ್ಮನಿಗೆ ವಯಸ್ಸಾಗಿದೆ. ನಿನ್ನೆ ಕುರ್ಚಿಯಿಂದ ಏಳುವಾಗ ಜಾರಿ ಮಗ್ಗುಲಿಗೆ ಬಿದ್ದರು. ಮೇಲೆ ನೀಲಿಗಟ್ಟಿದ್ದು ಏನೂ ಕಾಣುವುದಿಲ್ಲ. ಆದರೆ ತೊಡೆಸಂದಿನಲ್ಲಿ ನೋವು ಅನ್ನುತ್ತಾರೆ. ಗೋಡೆ ಹಿಡಿದು ನಾಲ್ಕು ಹೆಜ್ಜೆ ನಡೆದರು, ಆಮೇಲೆ ಆಗಲಿಲ್ಲ. ಮೂಗೇಟು ಅಂತ ಐಸ್ ಇಟ್ಟು ಮಲಗಿಸಿದ್ದೇವೆ.

ನೀಲಿಕೊಡೆ
ಕಾಯಬೇಡಿ. ಇವತ್ತೇ ಆಸ್ಪತ್ರೆಗೆ ಕರೆದುಕೊಂಡು ಹೋಗಿ. ಇದು ಸ್ಟ್ರೈಕರ್ ಅವರ ಕೇಸಿನ ಹಾಗೆ ಇಲ್ಲ.

ಫಿಸಿಯೋ_ಅಕ್ಕ
ನೀಲಿಕೊಡೆ ಹೇಳಿದ್ದೇ ಸರಿ, ದಯವಿಟ್ಟು ಈಗಲೇ ಹೊರಡಿ. ಚಪ್ಪೆ ಮೂಳೆಯ ಅಂಚಿನ ಮೂಗೇಟಾದರೆ ನೋವು ಮೇಲೆ ಪಕ್ಕದಲ್ಲಿ, ಬೆರಳಿಟ್ಟು ತೋರಿಸುವಂತೆ ಇರುತ್ತದೆ. ತೊಡೆಸಂದಿನ ನೋವು ಕೀಲಿನ ಕಡೆಯಿಂದ ಬರುತ್ತದೆ. ವಯಸ್ಸಾದವರಲ್ಲಿ ಮೂಳೆ ಟೊಳ್ಳಾಗಿದ್ದರೆ ನಿಂತ ಎತ್ತರದಿಂದ ಬಿದ್ದರೂ ತೊಡೆಮೂಳೆಯ ಕತ್ತು, ಅಂದರೆ ಕೀಲಿನ ಗುಂಡಿನ ಕೆಳಗಿನ ಸಪೂರ ಭಾಗ, ಮುರಿಯಬಹುದು. ಎರಡೂ ಕಾಲು ಚಾಚಿ ಮಲಗಿದಾಗ ಪೆಟ್ಟಾದ ಕಾಲು ಸ್ವಲ್ಪ ಗಿಡ್ಡವಾಗಿ ಕಂಡು, ಪಾದ ಹೊರಕ್ಕೆ ವಾಲಿದ್ದರೆ ಮುರಿತ ಇರುವ ಸಾಧ್ಯತೆ ತುಂಬಾ. ಹಾಗೆ ಕಾಣದಿದ್ದರೂ ಸಮಾಧಾನ ಪಡಬೇಡಿ. ಮುರಿದ ತುದಿಗಳು ಒಂದರೊಳಗೊಂದು ಸಿಕ್ಕಿಕೊಂಡಿದ್ದರೆ ಕಾಲು ನೇರವೇ ಇರುತ್ತದೆ, ನಾಲ್ಕು ಹೆಜ್ಜೆ ನಡೆಯಲೂ ಆಗುತ್ತದೆ. ಮತ್ತೆ ನಡೆಸಿ ನೋಡಬೇಡಿ. ಕುರ್ಚಿಯಲ್ಲೋ ಸ್ಟ್ರೆಚರ್‌ನಲ್ಲೋ ಕರೆದೊಯ್ಯಿರಿ. ಆಪರೇಷನ್ ಬೇಕಾಗಬಹುದು, ಏನನ್ನಾದರೂ ತಿನ್ನಿಸುವ ಮೊದಲು ವೈದ್ಯರನ್ನು ಕೇಳಿ.

ಅಮ್ಮ ರಕ್ತ ತೆಳು ಮಾಡುವ ಮಾತ್ರೆ ತೆಗೆದುಕೊಳ್ಳುತ್ತಾರಾ? ಅದನ್ನು ಹೋದ ತಕ್ಷಣ ಹೇಳಿ. ಬೀಳುವಾಗ ತಲೆಗೆ ತಾಗಿತ್ತಾ ಅಂತಲೂ ಕೇಳಿಕೊಳ್ಳಿ.

ಅಮ್ಮನ_ಮಗಳು
ತೆಗೆದುಕೊಳ್ಳುತ್ತಾರೆ. ಹೊರಟೆವು.

ಸೈಕಲ್‌ಸವಾರ
ಎಲ್ಲ ಸರಿಯಾಗಲಿ ಅಂತ ಹಾರೈಸುತ್ತೇನೆ.

ಮೂಲ ಪ್ರಶ್ನೆಗೆ ಬರುತ್ತೇನೆ. ಎಕ್ಸ್‌ರೇ ಒಂದು ತೆಗೆಸಿಬಿಟ್ಟರೆ ಮುಗಿಯಿತಲ್ಲ, ಇಷ್ಟೊಂದು ಚರ್ಚೆ ಯಾಕೆ?

ಓದುಗುಳಿ
ಎಕ್ಸ್‌ರೇಯಲ್ಲಿ ಮೂಗೇಟು ಕಾಣುವುದೇ ಇಲ್ಲ. ಮುರಿತ ಇದೆಯಾ ಇಲ್ಲವಾ ಅಂತ ನೋಡಲು ಅದು ಬೇಕು. ಕೂದಲೆಳೆಯಷ್ಟು ಸಣ್ಣ ಬಿರುಕನ್ನು ಅದೂ ತಪ್ಪಿಸಬಹುದು. ಎಕ್ಸ್‌ರೇ ಚೆನ್ನಾಗಿದೆ, ಆದರೂ ಕಾಲೂರಲು ಆಗುತ್ತಿಲ್ಲ ಅಂದರೆ ಎಂಆರ್‌ಐ ಅಥವಾ ಸಿಟಿ ಮಾಡಿಸಬೇಕಾಗುತ್ತದೆ.

ಸೈಕಲ್‌ಸವಾರ
ಅಂದರೆ ಪ್ರತಿ ಮೂಗೇಟಿಗೂ ಎಂಆರ್‌ಐ? ಅತಿಯಾಯಿತು.

ಓದುಗುಳಿ
ಪ್ರತಿ ಮೂಗೇಟಿಗೂ ಅಂತ ಎಲ್ಲಿ ಹೇಳಿದೆ? ಕಾಲೂರಲು ಆಗದೇ ಇದ್ದರೆ ಅಂದೆ.

ಗೋಲ್‌ಬಾಯಿ
ಜಗಳ ಬೇಡ್ರಪ್ಪ. ನನ್ನ ಲೆಕ್ಕ ಇಷ್ಟು. ದಿನದಿಂದ ದಿನಕ್ಕೆ ಕೂದಲೆಳೆಯಷ್ಟಾದರೂ ಸುಧಾರಿಸುತ್ತಿದ್ದರೆ ಮನೆಯಲ್ಲೇ ನೋಡಿಕೊಳ್ಳಬಹುದು. ನಿಂತಲ್ಲೇ ನಿಂತಿದ್ದರೆ ಅಥವಾ ಜಾಸ್ತಿಯಾಗುತ್ತಿದ್ದರೆ ವೈದ್ಯರು.

ಎರಡು_ಮಕ್ಕಳ_ತಾಯಿ
ಆ ಲೆಕ್ಕ ಬೆಳೆಯುವ ಮಕ್ಕಳಿಗೆ ನಡೆಯುವುದಿಲ್ಲ. ಹೇಳಲೇಬೇಕು. ನಮ್ಮ ಹುಡುಗ ಓಟದ ಪಂದ್ಯದಲ್ಲಿ ಜೋರಾಗಿ ಹೊರಟವನು ಹಾಗೇ ನಿಂತುಬಿಟ್ಟ. ಬಿದ್ದೂ ಇಲ್ಲ, ಯಾರೂ ತಾಗಿಸಿಯೂ ಇಲ್ಲ. "ಅಮ್ಮ, ಒಳಗೆ ಟಪ್ ಅಂತು" ಅಂದ. ನೋವು ಚಪ್ಪೆ ಮೂಳೆಯ ಮುಂದಿನ ಮೊನೆಯಲ್ಲಿ. ಎಕ್ಸ್‌ರೇ ನೋಡಿದ ಮೂಳೆ ವೈದ್ಯರು, ಸ್ನಾಯು ಎಳೆದ ರಭಸಕ್ಕೆ ಮೂಳೆಯ ಚೂರೇ ಕಿತ್ತು ಬಂದಿದೆ ಅಂದರು. ಮಕ್ಕಳಲ್ಲಿ ಆ ಜಾಗ ಇನ್ನೂ ಪೂರ್ತಿ ಮೂಳೆಯಾಗಿ ಬೆಸೆದಿರುವುದಿಲ್ಲವಂತೆ. ಸ್ನಾಯುವಿಗಿಂತ ಅದೇ ದುರ್ಬಲ. ಆಪರೇಷನ್ ಬೇಕಾಗಲಿಲ್ಲ, ಆದರೆ ಊರುಗೋಲು ಹಿಡಿದು ಸಾಕಷ್ಟು ಕಾಲ ಓಡಾಡಿದ.

ಫಿಸಿಯೋ_ಅಕ್ಕ
ಬಹಳ ಮುಖ್ಯವಾದ ಮಾತು. ಚಪ್ಪೆ ಮೂಳೆಯ ಮೇಲಂಚು ಪೂರ್ತಿ ಬೆಸೆಯಲು 20 ವಯಸ್ಸು ದಾಟಬಹುದು, ಕೆಲವರಲ್ಲಿ 25ರ ಹತ್ತಿರ. ಹದಿಹರೆಯದವರು ಪೆಟ್ಟಿಲ್ಲದೇ 'ಟಪ್' ಅನ್ನುವ ಸದ್ದಿನೊಂದಿಗೆ ನೋವು ಅಂದರೆ ಎಕ್ಸ್‌ರೇ ಬೇಕೇ ಬೇಕು. ಇನ್ನೊಂದು ವಿಷಯ. ಮಗು ಕುಂಟುತ್ತಾ ಮೊಣಕಾಲು ನೋವು ಅಂದರೆ ಚಪ್ಪೆಯ ಕೀಲನ್ನೂ ನೋಡಿಸಿ. ಕೀಲಿನ ತೊಂದರೆ ಎಷ್ಟೋ ಸಲ ಮೊಣಕಾಲಿನ ನೋವಾಗಿ ಕಾಣಿಸಿಕೊಳ್ಳುತ್ತದೆ. ಮತ್ತೆ, ಮಕ್ಕಳಿಗೆ ನೋವಿಗೆ ಅಂತ ಆಸ್ಪಿರಿನ್ ಕೊಡಬೇಡಿ.

ಎಡಗಾಲು_ಸ್ಟ್ರೈಕರ್
ಎಲ್ಲರಿಗೂ ಥ್ಯಾಂಕ್ಸ್. ತಿಕ್ಕುವ ಯೋಚನೆ ಬಿಟ್ಟೆ. ಇವತ್ತು ವೈದ್ಯರಿಗೆ ತೋರಿಸಿದೆ. ಒತ್ತಿ ನೋಡಿದರು. ಕಾಲನ್ನು ಒಳಕ್ಕೆ ಹೊರಕ್ಕೆ ತಿರುಗಿಸಿದರು, ಅದರಿಂದ ನೋವಾಗಲಿಲ್ಲ. ಒಂದೇ ಕಾಲಲ್ಲಿ ನಿಲ್ಲಿಸಿದರು. ಹೊಟ್ಟೆಯನ್ನೂ ಒತ್ತಿ ನೋಡಿದರು. ಮೂತ್ರದಲ್ಲಿ ರಕ್ತ ಕಂಡಿತಾ ಅಂತ ಕೇಳಿದರು, ಅದು ಯಾಕೋ ಗೊತ್ತಾಗಲಿಲ್ಲ. ಎಕ್ಸ್‌ರೇ ಸರಿಯಾಗಿದೆ. ಅಂಚಿನ ಮೂಗೇಟು ಅಂದರು.

ಈಗ ಹೊಸ ಗಾಬರಿ. ನೀಲಿ ಬಣ್ಣ ಕೆಳಗೆ ಇಳಿಯುತ್ತಿದೆ! ಪೆಟ್ಟು ಮೇಲೆ ಬಿದ್ದಿದ್ದು, ತೊಡೆಯ ಅರ್ಧದವರೆಗೆ ಬಣ್ಣ ಬಂದಿದೆ. ಹರಡುತ್ತಿದೆಯಾ?

ನೀಲಿಕೊಡೆ
ಮೂತ್ರದ ಪ್ರಶ್ನೆ ಒಳ್ಳೆಯ ವೈದ್ಯರ ಗುರುತು. ಪಕ್ಕಕ್ಕೆ ಜೋರಾಗಿ ಬಿದ್ದಾಗ ಮೂತ್ರಪಿಂಡಕ್ಕೂ ಹೊಟ್ಟೆಯೊಳಗಿನ ಅಂಗಗಳಿಗೂ ಪೆಟ್ಟಾಗಿರಬಹುದು. ಹೊಟ್ಟೆ ಬಿಗಿಯುವುದು, ತಲೆ ಸುತ್ತುವುದು, ಮೂತ್ರ ಕೆಂಪಾಗುವುದು ಕಂಡರೆ ತಕ್ಷಣ ಆಸ್ಪತ್ರೆ.

ಬಣ್ಣ ಕೆಳಗಿಳಿಯುವುದು ಸಹಜ. ಸೋರಿದ ರಕ್ತ ಭಾರಕ್ಕೆ ಚರ್ಮದ ಕೆಳಗೇ ಜಾರುತ್ತದೆ. ಮೊದಲು ಕೆಂಪು, ಆಮೇಲೆ ಕಪ್ಪುನೀಲಿ, ವಾರದ ಹೊತ್ತಿಗೆ ಅಂಚಿನಲ್ಲಿ ಹಸಿರು, ಆಮೇಲೆ ಹಳದಿ. ಕೆಂಪು ರಕ್ತಕಣದ ಬಣ್ಣವನ್ನು ದೇಹ ಒಡೆದು ಸಾಗಿಸುತ್ತಿರುವ ಗುರುತು ಅದು. ಬಣ್ಣ ಇಳಿದರೆ ಚಿಂತೆ ಬೇಡ. ಊತವೇ ಗಟ್ಟಿಯಾಗಿ ಉಬ್ಬುತ್ತಾ ಹೋದರೆ ಚಿಂತೆ ಮಾಡಿ.

ಸೈಕಲ್‌ಸವಾರ
ಊತದ ಬಗ್ಗೆ ನನ್ನದೊಂದು ಅನುಭವ. ಸೈಕಲ್ ಜಾರಿ ರಸ್ತೆಯ ಮೇಲೆ ಮಗ್ಗುಲಲ್ಲೇ ಉಜ್ಜಿಕೊಂಡು ಹೋಗಿದ್ದೆ. ಚರ್ಮ ತರಚಿದ್ದು ಬೇಗ ಮಾಯಿತು. ಆದರೆ ತೊಡೆಯ ಹೊರಮಗ್ಗುಲಲ್ಲಿ ಮೆತ್ತಗಿನ ಉಬ್ಬು ಉಳಿಯಿತು. ಬೆರಳಿನಿಂದ ಒಂದು ಕಡೆ ಒತ್ತಿದರೆ ಇನ್ನೊಂದು ಕಡೆ ಅಲುಗುತ್ತಿತ್ತು, ಒಳಗೆ ನೀರು ತುಂಬಿದ್ದು ಗೊತ್ತಾಗುತ್ತಿತ್ತು. ಮೇಲಿನ ಚರ್ಮಕ್ಕೆ ಸ್ಪರ್ಶವೇ ಇರಲಿಲ್ಲ. ತಾನಾಗೇ ಹೋಗುತ್ತದೆ ಅಂತ ಮನೆಯವರೆಲ್ಲ ಹೇಳುತ್ತಿದ್ದರು. ಹೋಗಲಿಲ್ಲ. ಕೊನೆಗೆ ಸ್ಕ್ಯಾನ್ ಮಾಡಿಸಿ, ಸೂಜಿ ಹಾಕಿ ದ್ರವ ತೆಗೆದು, ಬಿಗಿಯಾಗಿ ಪಟ್ಟಿ ಕಟ್ಟಿದರು.

ಓದುಗುಳಿ
ಅದು ಮೊರೆಲ್-ಲಾವಲ್ಲೆ ಇರಬೇಕು. ಉಜ್ಜಿದ ರಭಸಕ್ಕೆ ಚರ್ಮ ಮತ್ತು ಕೊಬ್ಬಿನ ಪದರ ಕೆಳಗಿನ ಸ್ನಾಯುವಿನ ಹೊದಿಕೆಯಿಂದ ಬಿಟ್ಟುಕೊಳ್ಳುತ್ತದೆ. ಆ ಸಂದಿಯಲ್ಲಿ ರಕ್ತ, ದ್ರವ ತುಂಬುತ್ತದೆ. ಮೊದಲು ಗುರುತಿಸಿದವರು 19ನೇ ಶತಮಾನದ ಫ್ರೆಂಚ್ ವೈದ್ಯರು. ಬೈಕ್, ಸೈಕಲ್‌ನಿಂದ ಬಿದ್ದವರು ಇದನ್ನು ತಿಳಿದಿರಬೇಕು. ಮಾಮೂಲಿ ಮೂಗೇಟು ಅಂದುಕೊಂಡು ಬಿಟ್ಟರೆ ಸೋಂಕು ಆಗಬಹುದು.

ತಿಂಗಳಬೆಳಕು
ನನಗೆ ಊತ ಇಳಿದು ಎಷ್ಟೋ ದಿನವಾಯಿತು. ಆದರೆ ತೊಡೆಯ ಹೊರಭಾಗ ಜೋಮು ಹಿಡಿದ ಹಾಗೆ, ಒಮ್ಮೊಮ್ಮೆ ಉರಿ. ಬಟ್ಟೆ ತಾಗಿದರೂ ಕಿರಿಕಿರಿ. ಕಾಲಿನ ಶಕ್ತಿ ಸರಿಯಾಗಿದೆ. ಬೆನ್ನಿನ ಡಿಸ್ಕ್ ತೊಂದರೆ ಅಂತ ಒಬ್ಬರು ಹೇಳಿದರು.

ಫಿಸಿಯೋ_ಅಕ್ಕ
ಚಪ್ಪೆ ಮೂಳೆಯ ಮುಂದಿನ ಮೊನೆಯ ಪಕ್ಕದಲ್ಲೇ ತೊಡೆಯ ಹೊರಚರ್ಮಕ್ಕೆ ಹೋಗುವ ನರ ಹಾದುಹೋಗುತ್ತದೆ. ಪೆಟ್ಟು ಅಥವಾ ಊತದಿಂದ ಅದು ಅದುಮಿದರೆ ನೀವು ಹೇಳಿದ ಹಾಗೇ ಆಗುತ್ತದೆ. ಆ ನರದ ಕೆಲಸ ಬರೀ ಸ್ಪರ್ಶ, ಅದಕ್ಕೇ ಶಕ್ತಿ ಕಡಿಮೆಯಾಗಿಲ್ಲ. ಬಿಗಿ ಬೆಲ್ಟ್, ಬಿಗಿ ಜೀನ್ಸ್ ಬಿಡಿ. ಹೆಚ್ಚಿನವರಿಗೆ ನಿಧಾನವಾಗಿ ಕಡಿಮೆಯಾಗುತ್ತದೆ. ಆದರೂ ಒಮ್ಮೆ ತೋರಿಸಿ. ಕಾಲಿನ ಶಕ್ತಿ ಕುಂದಿದರೆ, ಮಲಮೂತ್ರದ ಹಿಡಿತ ತಪ್ಪಿದರೆ, ಕೂರುವ ಜಾಗ ಮರಗಟ್ಟಿದರೆ ಅದು ಬೆನ್ನುಹುರಿಯ ಕಡೆಯ ತುರ್ತು, ಒಂದು ಗಂಟೆಯೂ ಕಾಯಬಾರದು.

ಕೈಮರ
ಮಾತ್ರೆ ಯಾವುದು ಒಳ್ಳೆಯದು? ಅದನ್ನು ಯಾರೂ ಹೇಳಲಿಲ್ಲ.

ನೀಲಿಕೊಡೆ
ಸಾಮಾನ್ಯವಾಗಿ ಮೊದಲು ಪ್ಯಾರಾಸಿಟಮಾಲ್. ಆರೋಗ್ಯವಂತ ದೊಡ್ಡವರಿಗೂ 24 ಗಂಟೆಯಲ್ಲಿ 4 ಗ್ರಾಂ ಮೀರಬಾರದು. ಶೀತದ ಮಾತ್ರೆಯಲ್ಲೂ ಪ್ಯಾರಾಸಿಟಮಾಲ್ ಇರುತ್ತದೆ, ಅದನ್ನೂ ಲೆಕ್ಕಕ್ಕೆ ಹಿಡಿಯಿರಿ. ಐಬುಪ್ರೊಫೇನ್ ಥರದ್ದು ಹೊಟ್ಟೆಹುಣ್ಣು, ಮೂತ್ರಪಿಂಡದ ತೊಂದರೆ ಇರುವವರಿಗೆ, ರಕ್ತ ತೆಳು ಮಾಡುವ ಮಾತ್ರೆ ತಿನ್ನುವವರಿಗೆ ವೈದ್ಯರನ್ನು ಕೇಳದೆ ಬೇಡ. ಮುಖ್ಯವಾಗಿ, ಮಾತ್ರೆ ನುಂಗಿ ನೋವು ಮರೆಸಿ ಆಟಕ್ಕೆ ಇಳಿಯಬೇಡಿ.

ತಿಂಗಳಬೆಳಕು
ನಿದ್ದೆ ಹೇಗೆ ಮಾಡುತ್ತೀರಿ ಎಲ್ಲರೂ? ನನಗೆ ಪೆಟ್ಟಾದಾಗ ಅದೇ ದೊಡ್ಡ ಕಷ್ಟ ಆಗಿತ್ತು.

ಗೋಲ್‌ಬಾಯಿ
ಪೆಟ್ಟಾಗದ ಮಗ್ಗುಲಿಗೆ ಮಲಗಿ, ಎರಡು ಮೊಣಕಾಲಿನ ಮಧ್ಯೆ ದಪ್ಪ ದಿಂಬು. ತೆಳ್ಳಗಿನದು ಸಾಲದು. ಮೇಲಿನ ಕಾಲು ಕೆಳಕ್ಕೆ ಜೋತುಬಿದ್ದರೆ ಪೆಟ್ಟಾದ ಕಡೆ ಎಳೆಯುತ್ತದೆ. ದಿಂಬು ಪಾದದವರೆಗೂ ಬಂದರೆ ಇನ್ನೂ ಆರಾಮ. ಅಂಗಾತ ಮಲಗುವವರು ಮೊಣಕಾಲಿನ ಕೆಳಗೆ ಇಟ್ಟುಕೊಳ್ಳಿ. ಏಳುವಾಗ ನೆಟ್ಟಗೆ ಏಳಬೇಡಿ. ಮೊದಲು ಮಗ್ಗುಲಾಗಿ, ಕಾಲು ಕೆಳಗಿಳಿಸಿ, ಕೈಯಲ್ಲಿ ತಳ್ಳಿಕೊಂಡು ಏಳಿ. ಹೊಟ್ಟೆಯ ಸ್ನಾಯು ಎಳೆಯುವುದು ತಪ್ಪುತ್ತದೆ. ಸೀನು ಬಂದರೆ ಒಂದು ದಿಂಬನ್ನು ಆ ಜಾಗಕ್ಕೆ ಹಗುರವಾಗಿ ಒತ್ತಿ ಹಿಡಿಯಿರಿ, ಎಷ್ಟೋ ಪಾಲು ನೋವು ತಪ್ಪುತ್ತದೆ.

ಎರಡು_ಮಕ್ಕಳ_ತಾಯಿ
ದಿಂಬಿನ ಉಪಾಯ ಹೊಟ್ಟೆಯ ಆಪರೇಷನ್ ಆದವರಿಗೂ ಹೇಳುತ್ತಾರೆ. ನಿಜವಾಗಲೂ ಉಪಯೋಗ.

ಮುಂಗೋಪಿ
ಮೆಟ್ಟಿಲು ಹತ್ತುವುದರ ಬಗ್ಗೆ ಯಾರಾದರೂ ಹೇಳಿ. ನನಗೂ ಹಿಂದೆ ಚಪ್ಪೆಗೆ ಪೆಟ್ಟಾಗಿದ್ದಾಗ ಅದೇ ನರಕ.

ಫಿಸಿಯೋ_ಅಕ್ಕ
ಹತ್ತುವಾಗ ಚೆನ್ನಾಗಿರುವ ಕಾಲು ಮುಂದೆ, ಇಳಿಯುವಾಗ ನೋವಿನ ಕಾಲು ಮುಂದೆ. ಕಂಬಿ ಹಿಡಿದುಕೊಳ್ಳಿ. ಕೋಲು ಹಿಡಿಯುವುದಾದರೆ ನೋವಿರುವ ಕಡೆಯ ಕೈಯಲ್ಲಿ ಬೇಡ, ಎದುರು ಕೈಯಲ್ಲಿ ಹಿಡಿಯಿರಿ. ಬಲ ಚಪ್ಪೆಗೆ ಪೆಟ್ಟಾದರೆ ಎಡಗೈಯಲ್ಲಿ ಕೋಲು, ಬಲಗಾಲಿನ ಜೊತೆಗೇ ಮುಂದೆ ಬರಬೇಕು. ಬಲಗಾಲು ಊರಿದಾಗ ದೇಹ ವಾಲದಂತೆ ಹಿಡಿಯುವ ಸ್ನಾಯು ಬಲ ಚಪ್ಪೆಯದ್ದೇ. ಎಡಗೈಯ ಕೋಲು ಅದರ ಕೆಲಸವನ್ನು ಹಂಚಿಕೊಳ್ಳುತ್ತದೆ.

ಕುಂಟುವುದನ್ನು ತಡೆದುಕೊಂಡು ಕೋಲಿಲ್ಲದೇ ನಡೆಯುವುದು ದೊಡ್ಡಸ್ತಿಕೆ ಅಲ್ಲ. ಕುಂಟುತ್ತಾ ನಡೆದರೆ ಬೆನ್ನು, ಇನ್ನೊಂದು ಮೊಣಕಾಲು ನೋಯಲು ಶುರುವಾಗಬಹುದು. ಹಾಗಂತ ಮಲಗಿಯೇ ಇರುವುದೂ ಬೇಡ. ಗಂಟೆಗೊಮ್ಮೆ ಪಾದ ಮೇಲೆ ಕೆಳಗೆ ಆಡಿಸಿ, ಮನೆಯೊಳಗೇ ಸ್ವಲ್ಪ ಓಡಾಡಿ. ಮೀನಖಂಡ ಊದಿ ನೋವು ಬಂದರೆ ಅಲ್ಲಿ ರಕ್ತ ಹೆಪ್ಪುಗಟ್ಟಿರಬಹುದು, ತೋರಿಸಿ.

ಅಮ್ಮನ_ಮಗಳು
ಎಲ್ಲರಿಗೂ ತಿಳಿಸೋಣ ಅಂತ ಬಂದೆ. ಅಮ್ಮನ ತೊಡೆಮೂಳೆಯ ಕತ್ತಿನಲ್ಲಿ ಬಿರುಕು. ಮೊದಲ ಎಕ್ಸ್‌ರೇಯಲ್ಲಿ ಕಾಣಲಿಲ್ಲ, ಸ್ಕ್ಯಾನ್‌ನಲ್ಲಿ ಕಂಡಿತು. ಆಪರೇಷನ್ ಆಯಿತು. ಮಾರನೇ ದಿನವೇ ಎಬ್ಬಿಸಿ ನಿಲ್ಲಿಸಿದರು, ಅಮ್ಮ ಮಾತಾಡುತ್ತಿದ್ದಾರೆ, ಊಟ ಮಾಡುತ್ತಿದ್ದಾರೆ. ನೀವೆಲ್ಲ ಅವತ್ತು ಹೊರಡಿ ಅಂತ ಹೇಳಿದ್ದು ಉಪಕಾರವಾಯಿತು.

ನೀಲಿಕೊಡೆ
ಓದಿ ಮನಸ್ಸು ಹಗುರವಾಯಿತು. ಅಮ್ಮನನ್ನು ಚೆನ್ನಾಗಿ ನೋಡಿಕೊಳ್ಳಿ. ಮೂಳೆಯ ಸಾಂದ್ರತೆಯ ಪರೀಕ್ಷೆ, ಕಣ್ಣಿನ ಪರೀಕ್ಷೆ ಎರಡನ್ನೂ ಮಾಡಿಸಿ. ಬಿ.ಪಿ.ಯನ್ನು ಕೂತಾಗ ಒಮ್ಮೆ, ನಿಂತಾಗ ಒಮ್ಮೆ ನೋಡಲು ಹೇಳಿ. ಎದ್ದ ತಕ್ಷಣ ರಕ್ತದೊತ್ತಡ ಇಳಿದು ಬೀಳುವವರು ಬಹಳ ಜನ.

ಗೋಲ್‌ಬಾಯಿ
ಅಮ್ಮ ಬೇಗ ಓಡಾಡುವಂತಾಗಲಿ 🙏

ಎಡಗಾಲು_ಸ್ಟ್ರೈಕರ್
ಒಳ್ಳೆಯ ಸುದ್ದಿ, ಖುಷಿಯಾಯಿತು.

ನನ್ನದು ಈಗ ಸುಧಾರಿಸಿದೆ. ನಡೆದರೆ ನೋವಿಲ್ಲ, ಕುಂಟೂ ಇಲ್ಲ. ಕೆಮ್ಮಿದರೆ ಸ್ವಲ್ಪ ಗೊತ್ತಾಗುತ್ತದೆ. ಬಣ್ಣ ಹಳದಿಗೆ ತಿರುಗಿದೆ. ಭಾನುವಾರ ಮ್ಯಾಚ್ ಇದೆ. ಆಡಲಾ?

ಗೋಲ್‌ಬಾಯಿ
ಬೇಡ.

ಕೈಮರ
ನಡೆದರೆ ನೋವಿಲ್ಲ ಅಂದಮೇಲೆ ಆಡಬಹುದಲ್ಲ? ಅರ್ಧ ಆಟ ಆಡಿ ನೋಡಿ.

ಫಿಸಿಯೋ_ಅಕ್ಕ
ನಡೆಯುವುದಕ್ಕೂ ಆಡುವುದಕ್ಕೂ ತುಂಬಾ ಅಂತರ ಇದೆ. ಹಗುರ ಪೆಟ್ಟಾದರೆ ಒಂದು ವಾರದೊಳಗೆ ಸರಿಹೋಗುತ್ತದೆ. ನಿಮ್ಮ ಥರ ಊದಿ, ಕುಂಟಿದವರಿಗೆ ಎರಡು ಮೂರು ವಾರ ಹಿಡಿಯುವುದು ಮಾಮೂಲು. ಜೋರಾದ ಪೆಟ್ಟಿಗೆ ಆರು ವಾರವೂ ಆಗಬಹುದು. ದಿನ ಎಣಿಸುವ ಬದಲು ದೇಹಕ್ಕೆ ಏನು ಮಾಡಲು ಆಗುತ್ತದೆ ಅಂತ ನೋಡಿ.

ಅಂಗಾತ ಮಲಗಿ ಪೃಷ್ಠದ ಸ್ನಾಯುವನ್ನು ಬಿಗಿದು ಬಿಡುವುದರಿಂದ ಶುರು ಮಾಡಿ. ಅದು ನೋವಿಲ್ಲದೇ ಆದರೆ ಮೊಣಕಾಲು ಮಡಚಿ ಸೊಂಟ ಎತ್ತುವುದು. ಆಮೇಲೆ ಮಗ್ಗುಲಾಗಿ ಮಲಗಿ ಮೇಲಿನ ಕಾಲನ್ನು ನಿಧಾನಕ್ಕೆ ಎತ್ತಿ ಇಳಿಸುವುದು. ಇದು ಹೇಳಿದಷ್ಟು ಸುಲಭ ಇಲ್ಲ, ಕಾಲು ಮುಂದಕ್ಕೆ ಜಾರಿದರೆ ಲೆಕ್ಕವಿಲ್ಲ, ಹಿಮ್ಮಡಿ ಬೆನ್ನಿನ ನೇರದಲ್ಲೇ ಇರಬೇಕು. ಆಮೇಲೆ ಕನ್ನಡಿ ಮುಂದೆ ಒಂದೇ ಕಾಲಲ್ಲಿ ನಿಲ್ಲಿ. ಪೆಟ್ಟಾದ ಕಾಲಿನ ಮೇಲೆ ನಿಂತಾಗ ಇನ್ನೊಂದು ಕಡೆಯ ಸೊಂಟ ಕೆಳಕ್ಕೆ ಇಳಿಯುತ್ತದಾ ನೋಡಿ. ಇಳಿದರೆ ಪಕ್ಕದ ಸ್ನಾಯು ಇನ್ನೂ ಸೋತಿದೆ ಅಂತ ಅರ್ಥ, ಓಟ ಬೇಡ. ಮಾಡುವಾಗ ಸ್ವಲ್ಪ ಬಿಗಿತ ಇದ್ದರೆ ಪರವಾಗಿಲ್ಲ, ಮಾರನೇ ಬೆಳಿಗ್ಗೆ ನೋವು ಹೆಚ್ಚಿದ್ದರೆ ಒಂದು ಹಂತ ಹಿಂದೆ ಬನ್ನಿ.

ಎಡಗಾಲು_ಸ್ಟ್ರೈಕರ್
ಈಗಲೇ ಕನ್ನಡಿ ಮುಂದೆ ನಿಂತು ನೋಡಿದೆ. ಎಡಗಡೆ ಇಳಿಯುತ್ತಿದೆ. ಬಲಗಡೆಯ ಸ್ನಾಯು ನಡುಗುತ್ತಿದೆ.

ಗೋಲ್‌ಬಾಯಿ
ಉತ್ತರ ಸಿಕ್ಕಿತಲ್ಲ. ಭಾನುವಾರ ಹೊರಗೆ ಕೂತು ಚಪ್ಪಾಳೆ ತಟ್ಟಿ.

ಕೈಮರ
ಹಾಗಿದ್ದರೆ ನಾನೂ ಬೇಡ ಅನ್ನುತ್ತೇನೆ.

ಮುಂಗೋಪಿ
ಬಿಸಿ ಶಾಖ ಈಗ ಕೊಡಬಹುದಲ್ಲ? ಹೊತ್ತು ಬಂತು.

ಫಿಸಿಯೋ_ಅಕ್ಕ
ಖಂಡಿತ ಕೊಡಬಹುದು. ವ್ಯಾಯಾಮಕ್ಕೆ ಮೊದಲು ಹತ್ತು ಹದಿನೈದು ನಿಮಿಷ, ಹದವಾದ ಬಿಸಿ. ಜೋಮು ಇರುವ ಜಾಗಕ್ಕೆ ಬೇಡ, ಸುಟ್ಟರೂ ಗೊತ್ತಾಗುವುದಿಲ್ಲ.

ಎಡಗಾಲು_ಸ್ಟ್ರೈಕರ್
ಸರಿ, ಭಾನುವಾರ ಆಡುವುದಿಲ್ಲ. ಓಟಕ್ಕೆ ಯಾವಾಗ ಇಳಿಯಬಹುದು ಅನ್ನುವುದನ್ನೂ ಹೇಳಿಬಿಡಿ. ಮತ್ತೆ ಅದೇ ಜಾಗಕ್ಕೆ ಪೆಟ್ಟು ಬಿದ್ದರೆ ಏನು ಮಾಡುವುದು ಅನ್ನುವ ಭಯವೂ ಇದೆ.

ಫಿಸಿಯೋ_ಅಕ್ಕ
ಒಂದೇ ಕಾಲಲ್ಲಿ ಸೊಂಟ ಇಳಿಯದೆ ನಿಲ್ಲಲು ಬಂದಮೇಲೆ ನೇರ ಗೆರೆಯಲ್ಲಿ ನಿಧಾನದ ಓಟ. ಅದು ಸರಿಹೋದರೆ ವೇಗ. ಆಮೇಲೆ ಪಕ್ಕಕ್ಕೆ ಹೆಜ್ಜೆ, ತಟ್ಟನೆ ತಿರುಗುವುದು, ಒಂದೇ ಕಾಲಲ್ಲಿ ಹಾರುವುದು. ಕೊನೆಗೆ ಚೆಂಡು ಒದೆಯುವುದು, ಡಿಕ್ಕಿ ಇರುವ ಅಭ್ಯಾಸ. ಎರಡೂ ಕಡೆ ಸಮ ಅನ್ನಿಸುವವರೆಗೆ ಮ್ಯಾಚ್ ಬೇಡ.

ಗೋಲ್‌ಬಾಯಿ
ಭಯಕ್ಕೆ ಮದ್ದು ಪ್ಯಾಡ್. ಚಡ್ಡಿಯ ಒಳಗೆ ಪಕ್ಕಕ್ಕೆ ಪ್ಯಾಡ್ ಇರುವಂಥದ್ದು ಸಿಗುತ್ತದೆ, ಗೋಲ್‌ಕೀಪರ್‌ಗಳು ಹಾಕಿಕೊಳ್ಳುತ್ತೇವೆ. ಇನ್ನೂ ಮುಟ್ಟಿದರೆ ನೋಯುವ ಜಾಗ ಇದ್ದರೆ ದಪ್ಪ ಫೋಮನ್ನು ಬಳೆಯಾಕಾರಕ್ಕೆ ಕತ್ತರಿಸಿ, ನೋಯುವ ಜಾಗ ಮಧ್ಯದ ತೂತಿನಲ್ಲಿ ಬರುವಂತೆ ಕೂರಿಸಿ. ಬಿದ್ದರೆ ಒತ್ತಡ ಸುತ್ತಲಿಗೆ ಹೋಗುತ್ತದೆ, ನೋಯುವ ಮೂಳೆಯ ಮೇಲೆ ನೇರ ಬೀಳುವುದಿಲ್ಲ. ಅದರ ಮೇಲೆ ಅಗಲವಾದ ಎಲಾಸ್ಟಿಕ್ ಪಟ್ಟಿಯನ್ನು ಹೊಟ್ಟೆ ಬಿಗಿಯದ ಹಾಗೆ ಸುತ್ತಿ. ಇಲ್ಲದಿದ್ದರೆ ಓಡುವಾಗ ಫೋಮ್ ಜಾರಿ ತೂತಿನ ಅಂಚೇ ಮೂಳೆಗೆ ಒತ್ತುತ್ತದೆ.

ಎಡಗಾಲು_ಸ್ಟ್ರೈಕರ್
ಫೋಮ್ ಎಷ್ಟು ದಪ್ಪ ಇರಬೇಕು?

ಗೋಲ್‌ಬಾಯಿ
ಒಂದು ಬೆರಳು ದಪ್ಪ ಸಾಕು. ಅದಕ್ಕಿಂತ ಜಾಸ್ತಿಯಾದರೆ ಚಡ್ಡಿಯೊಳಗೆ ಕೂರುವುದಿಲ್ಲ. ಗಟ್ಟಿ ಫೋಮ್ ತೆಗೆದುಕೊಳ್ಳಿ, ಹಾಸಿಗೆಯ ಮೆತ್ತಗಿನ ಫೋಮ್ ಬಿದ್ದ ತಕ್ಷಣ ಅಪ್ಪಚ್ಚಿಯಾಗುತ್ತದೆ.